ಗೆಳೆಯರು ಈಗ ಯಾವ ಗೇಮ್ ಆಡುತ್ತಿದ್ದಾರೆ? ಪದೇ ಪದೇ ಕೇಳುವ ಪ್ರಶ್ನೆಗಳು

ಒಂದು ಮಾತು ಮೊದಲೇ ಹೇಳಿಬಿಡುತ್ತೇನೆ. ಮೆನುಗಳ ಹೆಸರು ಅಪ್‌ಡೇಟ್ ಬಂದಾಗೆಲ್ಲ ಆಚೀಚೆ ಆಗುತ್ತಿರುತ್ತವೆ. ಇಲ್ಲಿ ಬರೆದ ಹೆಸರೇ ನಿಮ್ಮ ಸ್ಕ್ರೀನಿನಲ್ಲಿ ಕಾಣದಿದ್ದರೆ ಗಾಬರಿ ಬೇಡ, ಅದಕ್ಕೆ ಹತ್ತಿರದ ಹೆಸರು ಅಲ್ಲೇ ಎಲ್ಲೋ ಇರುತ್ತದೆ.

ಸ್ಟೀಮ್‌ನಲ್ಲಿ ಎಲ್ಲಿ ನೋಡಬೇಕು?

ಸ್ಟೀಮ್ ಅಂದರೆ ಕಂಪ್ಯೂಟರ್ ಗೇಮ್‌ಗಳನ್ನು ಕೊಳ್ಳುವ, ಆಡುವ ಅಂಗಡಿ ಆ್ಯಪ್. ಕಂಪ್ಯೂಟರಿನಲ್ಲಿ ಅದನ್ನು ತೆರೆದರೆ ಕೆಳಗೆ ಬಲಗಡೆ ಮೂಲೆಯಲ್ಲಿ ಫ್ರೆಂಡ್ಸ್ ಅಂಡ್ ಚಾಟ್ ಅಂತ ಇದೆ. ಅದನ್ನು ಒತ್ತಿದರೆ ಲಿಸ್ಟ್ ಬರುತ್ತದೆ. ಹಸಿರು ಬಣ್ಣದಲ್ಲಿ ಇರುವವರು ಗೇಮ್‌ನಲ್ಲಿದ್ದಾರೆ, ಹೆಸರಿನ ಕೆಳಗೇ ಯಾವ ಗೇಮ್ ಅಂತ ಇರುತ್ತದೆ. ನೀಲಿ ಅಂದರೆ ಸ್ಟೀಮ್ ತೆರೆದಿದ್ದಾರೆ, ಆದರೆ ಏನೂ ಆಡುತ್ತಿಲ್ಲ. ಬೂದು ಬಣ್ಣ ಅಂದರೆ ಆಫ್‌ಲೈನ್, ಅಥವಾ ಹಾಗೆ ತೋರಿಸಿಕೊಳ್ಳುತ್ತಿದ್ದಾರೆ.

ಹೆಸರಿನ ಮೇಲೆ ರೈಟ್ ಕ್ಲಿಕ್ ಮಾಡಿದರೆ ಇನ್ನೂ ಕೆಲವು ದಾರಿ ಸಿಗುತ್ತವೆ. ಆ ಗೇಮ್‌ನಲ್ಲಿ ಅವಕಾಶ ಇದ್ದರೆ ನೇರ ಅವರ ಆಟಕ್ಕೇ ಸೇರಿಕೊಳ್ಳಬಹುದು. ಅವರು ಒಪ್ಪಿದರೆ ಕೂತಲ್ಲೇ ಅವರ ಸ್ಕ್ರೀನ್ ನೋಡಬಹುದು. ಫೋನಿನಲ್ಲಿ ನೋಡಬೇಕು ಅಂದರೆ ಸ್ಟೀಮ್ ಚಾಟ್ ಅನ್ನೋ ಬೇರೆ ಆ್ಯಪ್ ಇದೆ, 2019ರಿಂದ. ಮುಖ್ಯ ಸ್ಟೀಮ್ ಆ್ಯಪ್ ಹಾಕಿಕೊಂಡು "ಲಿಸ್ಟ್ ಎಲ್ಲಿದೆ" ಅಂತ ಹುಡುಕುವವರು ಜಾಸ್ತಿ, ಅದಕ್ಕೇ ಹೇಳಿದೆ.

ಲಿಸ್ಟ್ ತುಂಬಾ ಉದ್ದ ಇದ್ದರೆ, ನಿಮಗೆ ಮುಖ್ಯವಾದ ನಾಲ್ಕೈದು ಜನರನ್ನು ಎಳೆದು ಮೇಲಿನ ಫೇವರಿಟ್ಸ್ ಸಾಲಿಗೆ ಹಾಕಿಬಿಡಿ. ದಿನಾ ನೋಡುವುದು ಅವರನ್ನೇ ತಾನೆ.

ಗೇಮ್ ಹೆಸರಷ್ಟೇ ಅಲ್ಲ, ಮ್ಯಾಪು, ಸ್ಕೋರು ಎಲ್ಲಾ ಕಾಣುತ್ತಲ್ಲ, ಅದು ಹೇಗೆ?

ಅದಕ್ಕೆ ರಿಚ್ ಪ್ರೆಸೆನ್ಸ್ ಅಂತಾರೆ. ಸ್ಟೀಮ್‌ಗೆ ತಾನಾಗಿ ಗೊತ್ತಾಗುವುದು ಯಾವ ಗೇಮ್ ಓಡುತ್ತಿದೆ ಅನ್ನೋದು ಮಾತ್ರ. ಅದರೊಳಗೆ ಏನು ನಡೀತಿದೆ ಅಂತ ಆ ಗೇಮೇ ಒಂದು ಸಾಲು ಬರೆದು ಕಳಿಸಬೇಕು. ಕೌಂಟರ್ ಸ್ಟ್ರೈಕ್ 2 ಯಾವ ಮ್ಯಾಪ್, ಸ್ಕೋರ್ ಎಷ್ಟು ಅಂತ ಕಳಿಸುತ್ತದೆ. ಡೋಟಾ 2 ಯಾವ ಹೀರೋ, ಯಾವ ಲೆವೆಲ್ ಅಂತ ಕಳಿಸುತ್ತದೆ.

ನನ್ನ ಪ್ರಕಾರ ಇಡೀ ಲಿಸ್ಟಿನಲ್ಲಿ ನಿಜಕ್ಕೂ ಉಪಯೋಗಕ್ಕೆ ಬರುವ ಸಾಲು ಇದು. ಕೌಂಟರ್ ಸ್ಟ್ರೈಕ್‌ನಲ್ಲಿ ಹದಿಮೂರು ರೌಂಡ್ ಮೊದಲು ಗೆದ್ದವರಿಗೆ ಆಟ. ಗೆಳೆಯನ ಹೆಸರಿನ ಕೆಳಗೆ 11-4 ಅಂತ ಇದ್ದರೆ ಇನ್ನು ಸ್ವಲ್ಪ ಹೊತ್ತಿನಲ್ಲಿ ಮುಗಿಯಬಹುದು ಅಂತ ಕಾಯಬಹುದು. 1-0 ಅಂತಿದ್ದರೆ ಹೋಗಿ ಊಟ ಮುಗಿಸಿಕೊಂಡು ಬನ್ನಿ. ಡೋಟಾದಲ್ಲಿ ಲೆವೆಲ್ 3 ಅಂತ ಕಂಡರೆ ಆಟ ಈಗಷ್ಟೇ ಶುರುವಾಗಿದೆ, ಮೆಸೇಜ್ ಹಾಕಿ ಪ್ರಯೋಜನ ಇಲ್ಲ. "ಯಾವಾಗ ಫ್ರೀ ಆಗ್ತೀಯ" ಅಂತ ಕೇಳುವ ಬದಲು ಆ ಸಾಲು ಓದುವ ಅಭ್ಯಾಸ ಮಾಡಿಕೊಳ್ಳಿ, ಅರ್ಧ ಜಗಳ ಕಡಿಮೆಯಾಗುತ್ತದೆ.

ಎಲ್ಲಾ ಗೇಮ್‌ಗಳೂ ಇದನ್ನು ಕಳಿಸುವುದಿಲ್ಲ. ಮಾಡಿದವರು ಬರೆದಿದ್ದರೆ ಉಂಟು, ಇಲ್ಲದಿದ್ದರೆ ಬರೀ ಹೆಸರು.

ಡಿಸ್ಕಾರ್ಡ್‌ಗೆ ನಾನು ಏನು ಆಡ್ತಿದ್ದೀನಿ ಅಂತ ಹೇಗೆ ಗೊತ್ತಾಗುತ್ತೆ? ನಾನು ಹೇಳೇ ಇಲ್ವಲ್ಲ!

ಡಿಸ್ಕಾರ್ಡ್ ಅಂದರೆ ಗೇಮ್ ಆಡುವವರು ಮಾತಾಡಲು, ಚಾಟ್ ಮಾಡಲು ಬಳಸುವ ಆ್ಯಪ್. ಅದರ ಕಂಪ್ಯೂಟರ್ ಆ್ಯಪ್ ನಿಮ್ಮ ಮಷೀನಿನಲ್ಲಿ ಯಾವ ಯಾವ ಪ್ರೋಗ್ರಾಂ ಓಡುತ್ತಿವೆ ಅಂತ ನೋಡುತ್ತಿರುತ್ತದೆ. ಅದರ ಹತ್ತಿರ ಗೇಮ್‌ಗಳದ್ದೇ ಒಂದು ದೊಡ್ಡ ಪಟ್ಟಿ ಇದೆ. ಎರಡೂ ತಾಳೆಯಾದರೆ ನಿಮ್ಮ ಹೆಸರಿನ ಕೆಳಗೆ ಗೇಮ್ ಹೆಸರು ಬಂತು ಅಂತಲೇ ಲೆಕ್ಕ. ಸ್ಟೀಮ್ ಆಗಲಿ, ಎಪಿಕ್ ಅನ್ನೋ ಇನ್ನೊಂದು ಅಂಗಡಿ ಆಗಲಿ, ಎಲ್ಲಿಂದ ತಗೊಂಡ ಗೇಮ್ ಆದರೂ ಅದಕ್ಕೆ ಒಂದೇ. ಇದರ ಜೊತೆಗೆ 2017ರಿಂದ ಇಲ್ಲೂ ರಿಚ್ ಪ್ರೆಸೆನ್ಸ್ ಇದೆ.

ಬ್ರೌಸರಿನಲ್ಲಿ ಡಿಸ್ಕಾರ್ಡ್ ತೆರೆದರೆ ಈ ಪತ್ತೇದಾರಿ ಕೆಲಸ ನಡೆಯುವುದಿಲ್ಲ, ಯಾಕಂದರೆ ಬ್ರೌಸರಿಗೆ ನಿಮ್ಮ ಬೇರೆ ಪ್ರೋಗ್ರಾಂಗಳನ್ನು ನೋಡುವ ಅಧಿಕಾರ ಇಲ್ಲ. "ನನ್ನ ಗೇಮ್ ಕಾಣ್ತಿಲ್ಲ" ಅನ್ನುವವರಿಗೆ ಮೊದಲು ಕೇಳಬೇಕಾದ ಪ್ರಶ್ನೆ ಇದೇ.

ಆ್ಯಪ್‌ನಲ್ಲೇ ಇದ್ದೀನಿ, ಆದರೂ ಗೇಮ್ ಕಾಣಿಸ್ತಿಲ್ಲ.

ಮೂರು ಕಡೆ ನೋಡಿ. ಮೊದಲು ಸೆಟ್ಟಿಂಗ್ಸ್‌ನ ಆಕ್ಟಿವಿಟಿ ಪ್ರೈವಸಿ ಭಾಗದಲ್ಲಿ, ನೀವು ಮಾಡುತ್ತಿರುವುದನ್ನು ಬೇರೆಯವರಿಗೆ ತೋರಿಸುವ ಸ್ವಿಚ್ ಆನ್ ಇದೆಯಾ ಅಂತ. ಆಮೇಲೆ ನಿಮ್ಮ ಸ್ಟೇಟಸ್ ಇನ್‌ವಿಸಿಬಲ್‌ನಲ್ಲಿ (ಇದ್ದರೂ ಆಫ್‌ಲೈನ್ ಅಂತ ತೋರಿಸುವುದು) ಇದೆಯಾ ಅಂತ. ಇದ್ದರೆ ಗೇಮ್ ಕಾಣುವ ಪ್ರಶ್ನೆಯೇ ಇಲ್ಲ. ಕೊನೆಗೆ ರಿಜಿಸ್ಟರ್ಡ್ ಗೇಮ್ಸ್ ತೆರೆದು ನಿಮ್ಮ ಗೇಮ್ ಪಟ್ಟಿಯಲ್ಲಿ ಇದೆಯಾ ನೋಡಿ. ಹೊಸದೋ, ಯಾರೋ ಒಬ್ಬರೇ ಕೂತು ಮಾಡಿದ್ದೋ ಆದರೆ ಇರಲಿಕ್ಕಿಲ್ಲ. ಗೇಮ್ ಓಡುತ್ತಿರುವಾಗಲೇ ಅಲ್ಲಿ ಆ್ಯಡ್ ಮಾಡಿದರೆ ಆಯಿತು.

ಗೇಮನ್ನು ಅಡ್ಮಿನಿಸ್ಟ್ರೇಟರ್ ಆಗಿ ಓಡಿಸುತ್ತಿದ್ದರೆ ಕೆಲವು ಸಲ ಡಿಸ್ಕಾರ್ಡ್ ಕಣ್ಣಿಗೆ ಬೀಳುವುದಿಲ್ಲ. ಆಗ ಡಿಸ್ಕಾರ್ಡನ್ನೂ ಹಾಗೇ ಓಡಿಸಿ ನೋಡಿ.

ಪ್ಲೇಸ್ಟೇಷನ್ 5ರಲ್ಲಿ?

ಪಿಎಸ್ ಬಟನ್ ಒಂದು ಸಲ ಒತ್ತಿ, ಕೆಳಗೆ ಬರುವ ಸಾಲಿನಲ್ಲಿ ಗೇಮ್ ಬೇಸ್ ಆರಿಸಿ. ಯಾರು ಆನ್‌ಲೈನ್, ಯಾವ ಗೇಮ್ ಅಂತ ಅಲ್ಲೇ ಇದೆ. ಫೋನಿನಲ್ಲಿ ಪಿಎಸ್ ಆ್ಯಪ್ ಹಾಕಿಕೊಂಡರೆ ಕನ್ಸೋಲ್ ಆನ್ ಮಾಡದೆಯೇ ನೋಡಬಹುದು.

ನಿಮ್ಮದನ್ನು ಯಾರು ನೋಡಬಹುದು ಅನ್ನೋದಕ್ಕೆ ಸೆಟ್ಟಿಂಗ್ಸ್, ಯೂಸರ್ಸ್ ಅಂಡ್ ಅಕೌಂಟ್ಸ್, ಪ್ರೈವಸಿ ಅಂತ ಹೋಗಿ. ಆನ್‌ಲೈನ್ ಇದ್ದೀರಾ ಮತ್ತು ಏನು ಆಡುತ್ತಿದ್ದೀರಾ ಅನ್ನೋದನ್ನು ಯಾರಿಗೆ ತೋರಿಸಬೇಕು ಅಂತ ಅಲ್ಲಿ ಹೇಳಬಹುದು.

ಎಕ್ಸ್‌ಬಾಕ್ಸ್‌ನಲ್ಲಿ?

ಎಕ್ಸ್‌ಬಾಕ್ಸ್ ಬಟನ್ ಒತ್ತಿ ಗೈಡ್ ತೆರೆದು ಪೀಪಲ್ ಟ್ಯಾಬಿಗೆ ಹೋಗಿ. ಕಂಪ್ಯೂಟರಿನ ಎಕ್ಸ್‌ಬಾಕ್ಸ್ ಆ್ಯಪ್‌ನಲ್ಲೂ ಫೋನಿನ ಆ್ಯಪ್‌ನಲ್ಲೂ ಅದೇ ಲಿಸ್ಟ್ ಸಿಗುತ್ತದೆ. ಯಾರನ್ನಾದರೂ ಫೇವರಿಟ್ ಮಾಡಿಟ್ಟುಕೊಂಡರೆ ಅವರು ಬಂದಾಗ ನೋಟಿಫಿಕೇಶನ್ ಬರುತ್ತದೆ. ಪ್ರೈವಸಿ ಸೆಟ್ಟಿಂಗ್ಸ್ ಒಳಗೆ ಆನ್‌ಲೈನ್ ಸ್ಟೇಟಸ್ ಬೇರೆ, ಹಿಂದೆ ಆಡಿದ್ದರ ಹಿಸ್ಟರಿ ಬೇರೆ. ಒಂದನ್ನು ಮುಚ್ಚಿ ಇನ್ನೊಂದನ್ನು ತೆರೆದಿಟ್ಟು ಆಮೇಲೆ ಆಶ್ಚರ್ಯಪಡುವವರು ತುಂಬಾ ಜನ.

ನಿಂಟೆಂಡೊ ಸ್ವಿಚ್ ಕನ್ಸೋಲಿನಲ್ಲಿ ಹೆಸರು ಹುಡುಕಿದರೆ ಗೆಳೆಯ ಸಿಗುತ್ತಿಲ್ಲ.

ಸಿಗುವುದಿಲ್ಲ. ಅಲ್ಲಿ ಹೆಸರು ಟೈಪ್ ಮಾಡಿ ಹುಡುಕುವ ವ್ಯವಸ್ಥೆ ಇಲ್ಲ. ಪ್ರತಿಯೊಬ್ಬರಿಗೂ ಎಸ್‌ಡಬ್ಲ್ಯೂ ಅಂತ ಶುರುವಾಗುವ 12 ಅಂಕಿಯ ಫ್ರೆಂಡ್ ಕೋಡ್ ಇರುತ್ತದೆ, ಅದನ್ನೇ ಕೇಳಿ ಇಸ್ಕೊಳ್ಳಬೇಕು. ಹೋಮ್ ಸ್ಕ್ರೀನಿನ ಮೇಲೆ ಎಡಗಡೆ ನಿಮ್ಮ ಚಿತ್ರ ಒತ್ತಿದರೆ ನಿಮ್ಮ ಕೋಡೂ ಕಾಣುತ್ತದೆ, ಫ್ರೆಂಡ್ ಲಿಸ್ಟೂ ಅಲ್ಲೇ ಇದೆ. ಕಿರಿಕಿರಿ ಅನಿಸುತ್ತದೆ ನಿಜ. ಆದರೆ ಮಕ್ಕಳು ಜಾಸ್ತಿ ಆಡುವ ಕನ್ಸೋಲಿನಲ್ಲಿ ಅಪರಿಚಿತರಿಗೆ ದಾರಿ ಕಷ್ಟ ಇರುವುದೇ ಒಳ್ಳೆಯದು ಅಂತ ನನ್ನ ಅಭಿಪ್ರಾಯ.

ಸ್ವಿಚ್‌ನಲ್ಲಿ ಬೆಸ್ಟ್ ಫ್ರೆಂಡ್ ಅಂತ ಒಂದು ಗುರುತು ಹಾಕಬಹುದು. ಆನ್‌ಲೈನ್ ಇರುವುದನ್ನು ಅವರಿಗೆ ಮಾತ್ರ ತೋರಿಸಿ ಉಳಿದವರಿಗೆ ಮುಚ್ಚಿಡಬಹುದು. ಎಲ್ಲರಿಗೂ ತೋರಿಸು ಇಲ್ಲವೇ ಯಾರಿಗೂ ಬೇಡ ಅನ್ನೋ ಎರಡೇ ದಾರಿಗಿಂತ ಇದು ಎಷ್ಟೋ ವಾಸಿ.

ಗೆಳೆಯ ಆರು ಗಂಟೆಯಿಂದ ಅದೇ ಗೇಮ್‌ನಲ್ಲಿ ಇದ್ದಾನೆ. ಮೆಸೇಜಿಗೆ ಮಾತ್ರ ಉತ್ತರ ಇಲ್ಲ. ಬೇಕಂತಲೇ ಮಾಡ್ತಿದ್ದಾನಾ?

ಇರಲಿಕ್ಕಿಲ್ಲ. ಆ ಹಸಿರು ಸಾಲು ಹೇಳುವುದು ಇಷ್ಟೇ: ಅವನ ಮಷೀನಿನಲ್ಲಿ ಆ ಪ್ರೋಗ್ರಾಂ ಇನ್ನೂ ಮುಚ್ಚಿಲ್ಲ. ಅವನು ಕುರ್ಚಿಯಲ್ಲಿ ಇದ್ದಾನೆ ಅಂತಲೂ ಅಲ್ಲ, ಬಿಡುವಾಗಿದ್ದಾನೆ ಅಂತಲೂ ಅಲ್ಲ.

ಇದಕ್ಕೆ ಕಾರಣಗಳು ಬೇಕಾದಷ್ಟು. ಗೇಮ್ ಅರ್ಧಕ್ಕೆ ನಿಲ್ಲಿಸಿಟ್ಟು ನಿದ್ದೆ ಹೋಗಿರಬಹುದು. ಗೇಮ್ ಕ್ರ್ಯಾಶ್ ಆಗಿ ಕಿಟಕಿ ಮುಚ್ಚಿದೆ, ಆದರೆ ಹಿಂದುಗಡೆ ಪ್ರೋಸೆಸ್ ಸತ್ತಿಲ್ಲ, ಅವನ ಕಣ್ಣಿಗೆ ಕಾಣುವುದಿಲ್ಲ, ಸ್ಟೀಮ್ ಕಣ್ಣಿಗೆ ಕಾಣುತ್ತದೆ. ಟಾಸ್ಕ್ ಮ್ಯಾನೇಜರ್ ತೆರೆದು ಅದನ್ನು ಮುಚ್ಚುವ ತನಕ ಅವನು ಆಡುತ್ತಲೇ ಇರುತ್ತಾನೆ, ಲೆಕ್ಕದಲ್ಲಿ. 2013ರಲ್ಲಿ ಸ್ಟೀಮ್ ಟ್ರೇಡಿಂಗ್ ಕಾರ್ಡ್ (ಕೂಡಿಡುವ, ಮಾರಬಹುದಾದ ಡಿಜಿಟಲ್ ಕಾರ್ಡ್) ಶುರು ಮಾಡಿದ ಮೇಲೆ ಇನ್ನೊಂದು ಚಾಳಿ ಬಂತು. ಗೇಮ್ ಓಡುತ್ತಿದ್ದರೆ ಕಾರ್ಡ್ ಸಿಗುತ್ತದೆ, ಅದಕ್ಕೆ ಗೇಮ್ ಸುಮ್ನೆ ಓಡಿಸಿಟ್ಟು ಎದ್ದು ಹೋಗುವುದು. ಇನ್ನು ಸ್ಟೀಮ್‌ನಲ್ಲಿ ಸಿಗುವುದೆಲ್ಲ ಗೇಮೂ ಅಲ್ಲ. ಅಲ್ಲಿಂದ ಬ್ಲೆಂಡರ್ ಹಾಕಿಕೊಂಡು ತ್ರೀಡಿ ಕೆಲಸ ಮಾಡುತ್ತಿರುವ ಮನುಷ್ಯನೂ ಲಿಸ್ಟಿನಲ್ಲಿ ಹಸಿರಾಗಿಯೇ ಕಾಣುತ್ತಾನೆ. ಪಾಪ, ಅವನು ದುಡಿಯುತ್ತಿದ್ದಾನೆ.

ನಿಜವಾಗಿ ಆಡುತ್ತಿದ್ದರೂ ರ‍್ಯಾಂಕ್ಡ್ ಮ್ಯಾಚಿನ ಮಧ್ಯದಲ್ಲಿ ಯಾರೂ ಚಾಟ್ ನೋಡುವುದಿಲ್ಲ. "ಆನ್‌ಲೈನ್ ಇದ್ದೀಯಲ್ಲ, ಯಾಕೆ ಉತ್ತರ ಕೊಡಲಿಲ್ಲ" ಅಂತ ಮಾತ್ರ ಯಾರಿಗೂ ಕೇಳಬೇಡಿ. ಹಾಗೆ ಕೇಳಿಸಿಕೊಂಡವರು ಮರುದಿನದಿಂದ ಇನ್‌ವಿಸಿಬಲ್ ಆಗುತ್ತಾರೆ, ಆಮೇಲೆ ನಿಮಗೆ ಏನೂ ಕಾಣುವುದಿಲ್ಲ.

ಆಫ್‌ಲೈನ್ ಹೋದ ಮೇಲೂ ಸ್ವಲ್ಪ ಹೊತ್ತು ಆನ್‌ಲೈನ್ ಅಂತಲೇ ಕಾಣುತ್ತೆ, ಯಾಕೆ?

ನಿಮ್ಮ ಮಷೀನು ಸರ್ವರಿಗೆ ಆಗಾಗ "ನಾನಿದ್ದೀನಿ" ಅಂತ ಸಣ್ಣ ಸಂದೇಶ ಕಳಿಸುತ್ತಿರುತ್ತದೆ. ಸರಿಯಾಗಿ ಲಾಗೌಟ್ ಆದರೆ "ಹೊರಟೆ" ಅಂತಲೂ ಹೇಳುತ್ತದೆ. ನೆಟ್ ಹಠಾತ್ ಹೋದರೆ, ಲ್ಯಾಪ್‌ಟಾಪ್ ಮಡಚಿಬಿಟ್ಟರೆ ಆ ಮಾತು ಹೇಳಲು ಆಗುವುದಿಲ್ಲ. ಸರ್ವರ್ ಸ್ವಲ್ಪ ಹೊತ್ತು ಕಾದು, ಸಂದೇಶ ಬರದಿದ್ದಾಗ ತಾನೇ ಹೆಸರು ಹೊಡೆಯುತ್ತದೆ. ಆ ಮಧ್ಯದ ಸಮಯದಲ್ಲಿ ನೀವು ನೋಡುವುದು ಹಳೇ ಸುದ್ದಿ.

ನಾನು ಆಡುವುದು ಯಾರಿಗೂ ಕಾಣಬಾರದು. ಇನ್‌ವಿಸಿಬಲ್ ಮಾಡಿದರೆ ಸಾಕಾ?

ಈ ಕ್ಷಣಕ್ಕೆ ಸಾಕು. ಆದರೆ ಸುಳಿವು ಉಳಿಯುತ್ತದೆ.

ಸ್ಟೀಮ್‌ನ ಇನ್‌ವಿಸಿಬಲ್‌ನಲ್ಲಿ ನೀವು ಬೂದು ಬಣ್ಣದಲ್ಲಿ ಕಾಣುತ್ತೀರಿ, ನಿಮಗೆ ಮಾತ್ರ ಎಲ್ಲರೂ ಕಾಣುತ್ತಾರೆ, ಚಾಟ್ ಕೂಡ ಮಾಡಬಹುದು. ಆದರೆ ನಿಮ್ಮ ಪ್ರೊಫೈಲ್ ತೆರೆದವರಿಗೆ ಕಳೆದ ಎರಡು ವಾರದಲ್ಲಿ ಎಷ್ಟು ಗಂಟೆ ಆಡಿದ್ದೀರಿ ಅನ್ನೋದು ಅಲ್ಲೇ ಇರುತ್ತದೆ. ಅಚೀವ್‌ಮೆಂಟ್ (ಗೇಮ್‌ನಲ್ಲಿ ಏನಾದರೂ ಸಾಧಿಸಿದ್ದಕ್ಕೆ ಸಿಗುವ ಗುರುತು) ಬಂದರೆ ಅದರ ಪಕ್ಕ ದಿನಾಂಕ, ಹೊತ್ತು ಎರಡೂ ಇರುತ್ತವೆ. ಪ್ಲೇಸ್ಟೇಷನ್ ಟ್ರೋಫಿಯದ್ದೂ ಅದೇ ಕಥೆ. "ತಲೆನೋವು, ಮಲಗ್ತೀನಿ" ಅಂತ ಹೇಳಿ ರಾತ್ರಿ ಎರಡಕ್ಕೆ ಬಾಸ್ ಹೊಡೆದು ಟ್ರೋಫಿ ತಗೊಂಡವರು ಸಿಕ್ಕಿಬೀಳುವುದು ಇಲ್ಲೇ.

ಗಟ್ಟಿಯಾಗಿ ಮುಚ್ಚಬೇಕು ಅಂದರೆ ಸ್ಟೀಮ್ ಪ್ರೊಫೈಲ್ ಎಡಿಟ್ ಮಾಡಿ ಪ್ರೈವಸಿ ಸೆಟ್ಟಿಂಗ್ಸ್‌ನಲ್ಲಿ ಗೇಮ್ ಡೀಟೇಲ್ಸ್ ಅನ್ನೋದನ್ನು ಪ್ರೈವೇಟ್ ಮಾಡಿ. ಆಗ ಗೆಳೆಯರಿಗೆ ನೀವು ಆನ್‌ಲೈನ್ ಇರುವುದು ಕಾಣಬಹುದು, ಏನು ಆಡುತ್ತಿದ್ದೀರಿ ಅನ್ನೋದು ಕಾಣುವುದಿಲ್ಲ.

ಒಂದೇ ಒಂದು ಗೇಮ್ ಮಾತ್ರ ಮುಚ್ಚಿಡಬೇಕು. ಹೈಡ್ ಮಾಡಿದ್ದೀನಿ, ಆಯ್ತಲ್ವಾ?

ಆಗಲಿಲ್ಲ! ಸ್ಟೀಮ್‌ನಲ್ಲಿ ಹೈಡ್ ಮಾಡುವುದು ಅಂದರೆ ಆ ಗೇಮ್ ನಿಮ್ಮದೇ ಲೈಬ್ರರಿಯಲ್ಲಿ ನಿಮ್ಮ ಕಣ್ಣಿಗೆ ಬೀಳದಂತೆ ಇಡುವುದು ಅಷ್ಟೇ. ತೆರೆದು ಆಡಿದರೆ ಗೆಳೆಯರಿಗೆಲ್ಲ ಕಾಣುತ್ತದೆ. ನಿಮಗೆ ಬೇಕಾಗಿರುವುದು ಮಾರ್ಕ್ ಆ್ಯಸ್ ಪ್ರೈವೇಟ್. ಲೈಬ್ರರಿಯಲ್ಲಿ ಗೇಮ್ ಮೇಲೆ ರೈಟ್ ಕ್ಲಿಕ್ ಮಾಡಿ ಮ್ಯಾನೇಜ್ ಒಳಗೆ ನೋಡಿ. ಅದನ್ನು ಮಾಡಿದರೆ ಆ ಗೇಮ್ ನಿಮ್ಮ ಹತ್ತಿರ ಇರುವುದು, ಆಡುತ್ತಿರುವುದು, ಎಷ್ಟು ಹೊತ್ತು ಆಡಿದ್ದು, ಯಾವುದೂ ಬೇರೆಯವರಿಗೆ ಕಾಣದು. ಎರಡೂ ಒಂದೇ ಮೆನುವಿನಲ್ಲಿ ಹತ್ತಿರ ಹತ್ತಿರ ಇವೆ, ಅದೇ ತೊಂದರೆ.

ಇಷ್ಟು ಮಾಡಿ ಡಿಸ್ಕಾರ್ಡ್ ಮರೆತರೆ ಮಾಡಿದ್ದೆಲ್ಲ ನೀರಲ್ಲಿ ಹೋಮ. ಅದು ಸ್ಟೀಮ್ ಮಾತು ಕೇಳುವುದಿಲ್ಲ, ತನ್ನ ಕಣ್ಣಲ್ಲಿ ತಾನು ನೋಡುತ್ತದೆ. ಅಲ್ಲೂ ರಿಜಿಸ್ಟರ್ಡ್ ಗೇಮ್ಸ್‌ನಲ್ಲಿ ಆ ಗೇಮಿನ ಪಕ್ಕದ ಸ್ವಿಚ್ ಆಫ್ ಮಾಡಿ.

ಅಪರಿಚಿತರಿಗೂ ನಾನು ಆಡುವುದು ಕಾಣುತ್ತಾ?

ಸ್ಟೀಮ್ ಪ್ರೊಫೈಲ್ ಮತ್ತು ಗೇಮ್ ಡೀಟೇಲ್ಸ್ ಎರಡೂ ಪಬ್ಲಿಕ್ ಇದ್ದರೆ ಹೌದು. ಸ್ಟೀಮ್ ಈ ಮಾಹಿತಿಯನ್ನು ಬೇರೆ ಪ್ರೋಗ್ರಾಂಗಳು ಕೇಳಿ ಪಡೆಯುವ ದಾರಿಯನ್ನೂ ಇಟ್ಟಿದೆ, ಹಾಗಾಗಿ ಯಾರೋ ಬರೆದ ಬಾಟ್ (ತಾನಾಗಿ ಓಡುವ ಪ್ರೋಗ್ರಾಂ) ಕೂಡ ನೀವು ಯಾವಾಗ ಏನು ಆಡುತ್ತೀರಿ ಅಂತ ಬರೆದಿಟ್ಟುಕೊಳ್ಳಬಹುದು. 2018ರ ಏಪ್ರಿಲ್‌ನಲ್ಲಿ ಸ್ಟೀಮ್ ಈ ಸೆಟ್ಟಿಂಗ್‌ಗಳನ್ನು ಬದಲಾಯಿಸಿ, ಗೇಮ್ ಲೈಬ್ರರಿ ತಾನಾಗಿಯೇ ಮುಚ್ಚಿರುವ ಹಾಗೆ ಮಾಡಿತು. ಆದರೂ ಒಮ್ಮೆ ಯಾವಾಗಲೋ ನೀವೇ ತೆರೆದಿಟ್ಟಿದ್ದರೆ ಅದು ಹಾಗೇ ಇರುತ್ತದೆ, ಒಂದು ಸಲ ಹೋಗಿ ನೋಡಿಬಿಡಿ. ಡಿಸ್ಕಾರ್ಡ್‌ನಲ್ಲಿ ಒಂದೇ ಸರ್ವರ್‌ನಲ್ಲಿ (ಅಲ್ಲಿ ಗುಂಪಿಗೆ ಹಾಗಂತಾರೆ) ಇರುವವರಿಗೂ ನಿಮ್ಮ ಗೇಮ್ ಕಾಣಬಹುದು. ಅದನ್ನು ಸರ್ವರ್ ಸರ್ವರ್‌ಗೆ ಬೇರೆ ಬೇರೆಯಾಗಿ ಮುಚ್ಚಬಹುದು.

ನಾನು ಅವರ ಪ್ರೊಫೈಲ್ ನೋಡಿದ್ದು ಅವರಿಗೆ ಗೊತ್ತಾಗುತ್ತಾ?

ಇಲ್ಲ. ಸ್ಟೀಮ್, ಪ್ಲೇಸ್ಟೇಷನ್, ಎಕ್ಸ್‌ಬಾಕ್ಸ್ ಯಾವುದೂ ಹೇಳಿಕೊಡುವುದಿಲ್ಲ.

ಕಾಣುವ ಗೇಮ್ ಹೆಸರು ಸುಳ್ಳು ಇರಬಹುದಾ?

ಧಾರಾಳವಾಗಿ. ಸ್ಟೀಮ್‌ನಲ್ಲಿ ಹೊರಗಿನ ಪ್ರೋಗ್ರಾಂ ಒಂದನ್ನು ಲೈಬ್ರರಿಗೆ ಸೇರಿಸಬಹುದು, ಅದಕ್ಕೆ ಏನು ಬೇಕಾದರೂ ಹೆಸರು ಇಡಬಹುದು. ಕ್ಯಾಲ್ಕುಲೇಟರ್ ಸೇರಿಸಿ "ತೆರಿಗೆ ಲೆಕ್ಕ ಸಿಮ್ಯುಲೇಟರ್" ಅಂತ ಹೆಸರಿಟ್ಟು ಓಡಿಸಿದರೆ ಗೆಳೆಯರ ಲಿಸ್ಟಿನಲ್ಲಿ ಅದೇ ಬರುತ್ತದೆ. ಒಂದು ಗುರುತು ಇದೆ: ಅದು ಸ್ಟೀಮ್‌ನದ್ದಲ್ಲದ ಗೇಮ್ ಅಂತ ಜೊತೆಗೆ ಬರೆದಿರುತ್ತದೆ. ತಮಾಷೆಗೆ ಮಾಡುವವರೇ ಜಾಸ್ತಿ, ಬಿಡಿ.

ನಾನು ಕಂಪ್ಯೂಟರ್, ಗೆಳೆಯ ಪ್ಲೇಸ್ಟೇಷನ್. ಒಬ್ಬರಿಗೊಬ್ಬರು ಕಾಣೋದು ಹೇಗೆ?

ಸ್ಟೀಮ್ ಲಿಸ್ಟಿನಲ್ಲಿ ಪ್ಲೇಸ್ಟೇಷನ್‌ನವರು ಬರುವುದಿಲ್ಲ, ಅಲ್ಲಿಯವರು ಇಲ್ಲಿ ಬರುವುದಿಲ್ಲ. ಪ್ರತಿ ಕಂಪನಿಯೂ ತನ್ನ ಬೇಲಿ ತಾನು ಹಾಕಿಕೊಂಡಿದೆ. ದಾಟುವ ದಾರಿ ಎರಡು.

ಒಂದು, ಗೇಮಿನದ್ದೇ ಖಾತೆ. ಫೋರ್ಟ್‌ನೈಟ್‌ಗೆ ಎಪಿಕ್ ಖಾತೆ, ಕಾಲ್ ಆಫ್ ಡ್ಯೂಟಿಗೆ ಆ್ಯಕ್ಟಿವಿಷನ್ ಐಡಿ, ಮೈನ್‌ಕ್ರಾಫ್ಟ್ ಬೆಡ್‌ರಾಕ್‌ಗೆ ಮೈಕ್ರೋಸಾಫ್ಟ್ ಖಾತೆ. ಅಲ್ಲಿ ಗೆಳೆಯನನ್ನು ಸೇರಿಸಿಕೊಂಡರೆ ಅವನು ಯಾವ ಮಷೀನಿನಲ್ಲಿದ್ದರೂ ಆ ಗೇಮಿನೊಳಗೆ ಕಾಣುತ್ತಾನೆ. ಇನ್ನೊಂದು, ಡಿಸ್ಕಾರ್ಡ್. ಎಕ್ಸ್‌ಬಾಕ್ಸ್ ಖಾತೆಯನ್ನು 2018ರಿಂದಲೂ, ಪ್ಲೇಸ್ಟೇಷನ್ ಖಾತೆಯನ್ನು 2022ರಿಂದಲೂ ಅದಕ್ಕೆ ಜೋಡಿಸಬಹುದು. ಸೆಟ್ಟಿಂಗ್ಸ್‌ನ ಕನೆಕ್ಷನ್ಸ್‌ನಲ್ಲಿ ಇದೆ. ಗೆಳೆಯ ಕನ್ಸೋಲಿನಲ್ಲಿ ಆಡುತ್ತಿದ್ದರೂ ಅವನ ಡಿಸ್ಕಾರ್ಡ್ ಹೆಸರಿನ ಕೆಳಗೆ ಗೇಮ್ ಬರುತ್ತದೆ. ಜೋಡಿಸಬೇಕಾದವನು ಅವನು, ನೀವಲ್ಲ.

ಎಲ್ಲಾ ಕಡೆಯ ಗೆಳೆಯರು ಒಂದೇ ಲಿಸ್ಟಿನಲ್ಲಿ ಬರುವ ಆ್ಯಪ್ ಇಲ್ವಾ?

ಇದು ಹಳೇ ಕನಸು. ಎಕ್ಸ್‌ಫೈರ್ ಅಂತ ಇತ್ತು. ಯಾವ ಅಂಗಡಿಯ ಗೇಮ್ ಆದರೂ ಗೆಳೆಯ ಏನು ಆಡುತ್ತಿದ್ದಾನೆ ಅಂತ ತೋರಿಸಿ, ಒಂದೇ ಕ್ಲಿಕ್ಕಿನಲ್ಲಿ ಅವನ ಸರ್ವರ್‌ಗೆ ಸೇರಿಸುತ್ತಿತ್ತು. 2006ರಲ್ಲಿ ವಯಾಕಾಮ್ ಅದನ್ನು 10 ಕೋಟಿ ಡಾಲರಿಗೂ ಜಾಸ್ತಿ ಕೊಟ್ಟು ತಗೊಂಡಿತು. ಆಮೇಲೆ ಸ್ಟೀಮ್ ತನ್ನದೇ ಫ್ರೆಂಡ್ಸ್ ಲಿಸ್ಟನ್ನು ಬೆಳೆಸಿತು, ಜನ ಅತ್ತ ಹೋದರು, 2015ರಲ್ಲಿ ಎಕ್ಸ್‌ಫೈರ್ ಬಾಗಿಲು ಹಾಕಿತು. ಇದೇ ಕೆಲಸ ಮಾಡುತ್ತಿದ್ದ ರ‍್ಯಾಪ್ಟರ್ 2017ರಲ್ಲಿ ಹೋಯಿತು.

ಈಗ ಜಿಓಜಿ ಅನ್ನೋ ಗೇಮ್ ಅಂಗಡಿಯ ಗ್ಯಾಲಕ್ಸಿ 2.0 ಆ್ಯಪ್ ಇದೆ, ಬೇರೆ ಬೇರೆ ಖಾತೆಗಳನ್ನು ಪ್ಲಗಿನ್ (ಸೇರಿಸಿಕೊಳ್ಳುವ ಸಣ್ಣ ಪ್ರೋಗ್ರಾಂ) ಮೂಲಕ ಒಂದೆಡೆ ತರುತ್ತದೆ. ಎಷ್ಟೋ ಪ್ಲಗಿನ್‌ಗಳನ್ನು ಬಳಸುವವರೇ ಬರೆದು ನೋಡಿಕೊಳ್ಳುತ್ತಾರೆ, ಅತ್ತ ಕಂಪನಿ ಏನಾದರೂ ಬದಲಾಯಿಸಿದರೆ ಇತ್ತ ಕೆಟ್ಟು ಕೂರುತ್ತದೆ. ನನ್ನ ಸಲಹೆ ಕೇಳಿದರೆ, ಗುಂಪಿನವರೆಲ್ಲ ಡಿಸ್ಕಾರ್ಡ್‌ಗೆ ಖಾತೆ ಜೋಡಿಸಿಕೊಂಡರೆ ಸಾಕು. ಪೂರ್ತಿ ಅಲ್ಲ, ಆದರೆ ನಡೆಯುತ್ತದೆ.

ಹೊಸ ಸ್ಟೀಮ್ ಖಾತೆಯಿಂದ ಫ್ರೆಂಡ್ ರಿಕ್ವೆಸ್ಟ್ ಹೋಗ್ತಾನೇ ಇಲ್ಲ.

ಸ್ಟೀಮ್‌ನಲ್ಲಿ ಕನಿಷ್ಠ 5 ಡಾಲರ್ ಖರ್ಚು ಮಾಡುವ ತನಕ ಖಾತೆ ಲಿಮಿಟೆಡ್ ಆಗಿರುತ್ತದೆ, ಅದರಿಂದ ರಿಕ್ವೆಸ್ಟ್ ಕಳಿಸಲು ಬಿಡುವುದಿಲ್ಲ. ಸ್ಪ್ಯಾಮ್ ಮಾಡುವವರನ್ನು ತಡೆಯಲು ಈ ಏರ್ಪಾಡು. ಗೆಳೆಯನಿಗೇ ಕಳಿಸಲು ಹೇಳಿ, ನೀವು ಒಪ್ಪಿಕೊಳ್ಳಿ.

ಗೊತ್ತಿಲ್ಲದವರಿಂದ ರಿಕ್ವೆಸ್ಟ್ ಬರ್ತಾ ಇರುತ್ತೆ. ಒಪ್ಪಲಾ?

ಈಗಷ್ಟೇ ಜೊತೆಗೆ ಆಡಿದವರಾದರೆ ಸರಿ. ಇಲ್ಲದಿದ್ದರೆ ಬೇಡ. ಸೇರಿದ ಸ್ವಲ್ಪ ಹೊತ್ತಿಗೆ "ನಮ್ಮ ಟೀಮಿಗೆ ಒಂದು ವೋಟ್ ಹಾಕು" ಅಂತ ಲಿಂಕ್ ಬಂದರೆ, ಅಥವಾ "ತಪ್ಪಿ ನಿನ್ನ ಖಾತೆ ಮೇಲೆ ರಿಪೋರ್ಟ್ ಮಾಡಿಬಿಟ್ಟೆ, ಈ ಅಡ್ಮಿನ್ ಹತ್ತಿರ ಮಾತಾಡು" ಅಂದರೆ ಅಲ್ಲಿಗೇ ಬ್ಲಾಕ್ ಮಾಡಿ. ಎರಡೂ ಖಾತೆ ಕದಿಯುವ ಹಳೇ ವರಸೆಗಳು. ಹಳೇ ಗೆಳೆಯನ ಹೆಸರಿಂದಲೇ ಬಂದರೂ ಲಿಂಕ್ ಒತ್ತಬೇಡಿ, ಅವನ ಖಾತೆ ಈಗಾಗಲೇ ಹೋಗಿರಬಹುದು. ಫೋನ್ ಮಾಡಿ ಕೇಳಿ.

ಮಗ ಏನು ಆಡ್ತಿದ್ದಾನೆ ಅಂತ ನೋಡೋಕೆ ಅವನ ಫ್ರೆಂಡ್ ಆಗಬೇಕಾ?

ಬೇಕಾಗಿಲ್ಲ. ನಿಂಟೆಂಡೊದ ಪೇರೆಂಟಲ್ ಕಂಟ್ರೋಲ್ಸ್ ಆ್ಯಪ್ ದಿನಕ್ಕೆ ಯಾವ ಗೇಮ್ ಎಷ್ಟು ಹೊತ್ತು ಅಂತ ತೋರಿಸುತ್ತದೆ. ಎಕ್ಸ್‌ಬಾಕ್ಸ್‌ಗೆ ಫ್ಯಾಮಿಲಿ ಸೆಟ್ಟಿಂಗ್ಸ್ ಆ್ಯಪ್ ಇದೆ. ಆದರೆ ಹಾಕಿದ್ದೀರಿ ಅಂತ ಅವನಿಗೆ ಹೇಳಿ ಹಾಕಿ. ಗುಟ್ಟಾಗಿ ನೋಡುತ್ತಿದ್ದದ್ದು ಗೊತ್ತಾದ ದಿನ ಅವನು ಇನ್ನೊಂದು ಖಾತೆ ಮಾಡಿಕೊಳ್ಳುತ್ತಾನೆ, ಅದು ನಿಮಗಿಂತ ಅವನಿಗೆ ಚೆನ್ನಾಗಿ ಬರುತ್ತದೆ.

ಮೊಬೈಲ್ ಗೇಮ್ ಆಡುವವರದ್ದು ಕಾಣುತ್ತಾ?

ಕಂಪ್ಯೂಟರಿನಷ್ಟು ಸಲೀಸಾಗಿ ಅಲ್ಲ. ಫೋನಿನಲ್ಲಿ ಒಂದು ಆ್ಯಪ್ ಇನ್ನೊಂದರ ಒಳಗೆ ಇಣುಕಲು ಸಿಸ್ಟಮ್ ಬಿಡುವುದಿಲ್ಲ, ಹಾಗಾಗಿ ಡಿಸ್ಕಾರ್ಡ್‌ಗೆ ಅಲ್ಲಿ ಸಾಮಾನ್ಯವಾಗಿ ಏನೂ ಗೊತ್ತಾಗುವುದಿಲ್ಲ. ಐಫೋನಿನ ಗೇಮ್ ಸೆಂಟರ್ ಗೆಳೆಯರು ಇತ್ತೀಚೆಗೆ ಏನು ಆಡಿದರು ಅಂತ ತೋರಿಸುತ್ತದೆ, ಈ ಕ್ಷಣದ್ದಲ್ಲ. ಉಳಿದಂತೆ ಗೇಮ್ ತೆರೆದು ಅದರೊಳಗಿನ ಫ್ರೆಂಡ್ಸ್ ಲಿಸ್ಟನ್ನೇ ನೋಡಬೇಕು. ಪಬ್‌ಜಿ ಮೊಬೈಲ್ ತರಹದವುಗಳಲ್ಲಿ ಗೆಳೆಯ ಲಾಬಿಯಲ್ಲಿ (ಮ್ಯಾಚಿಗೆ ಮೊದಲು ಕಾಯುವ ಜಾಗ) ಇದ್ದಾನಾ, ಮ್ಯಾಚಿನಲ್ಲಿದ್ದಾನಾ ಅಂತ ಅಲ್ಲಿ ಬರೆದಿರುತ್ತದೆ. ಲಾಬಿಯಲ್ಲಿದ್ದರೆ ತಕ್ಷಣ ಇನ್ವೈಟ್ ಕಳಿಸಿ, ತಡ ಮಾಡಿದರೆ ಮುಂದಿನ ಮ್ಯಾಚಿಗೆ ಹೋಗಿಬಿಟ್ಟಿರುತ್ತಾನೆ.